ಘಟ್ಟದ ಮೆಣಸಿಗೆ ಅಳಿವೆಯ ಬಾಗಿಲು: ಹೊಳೆಬಾಯಿಯ ಮರಳುದಿಬ್ಬಗಳ ಬಗ್ಗೆ ಒಂದು ಚರ್ಚೆ

ತುಂಗಾತೀರ, ತೀರ್ಥಹಳ್ಳಿ

ಕಳೆದ ತಿಂಗಳು ಅಣ್ಣನ ಮಕ್ಕಳನ್ನು ಶಿವಮೊಗ್ಗದ ಶಿವಪ್ಪನಾಯಕನ ಅರಮನೆಗೆ ಕರೆದುಕೊಂಡು ಹೋಗಿದ್ದೆ. ಕೆಳದಿಯ ಅರಸರು ಕಾಳುಮೆಣಸು ಮತ್ತು ಅಕ್ಕಿಯ ವ್ಯಾಪಾರದಿಂದ ಸಿರಿವಂತರಾದರು ಎಂದು ನಾನು ವಿವರಿಸುತ್ತಿದ್ದಾಗ, ಎಂಟನೆಯ ತರಗತಿಯ ಹುಡುಗಿ "ಚಿಕ್ಕಪ್ಪ, ಅವರ ಹಡಗು ಎಲ್ಲಿ ನಿಲ್ಲುತ್ತಿತ್ತು?" ಎಂದು ಕೇಳಿದಳು. ಬಸ್ರೂರಿನಲ್ಲಿ ಎಂದೆ. "ಬಸ್ರೂರಿನಲ್ಲಿ ಸಮುದ್ರವೇ ಇಲ್ಲವಲ್ಲ, ಅಲ್ಲಿರುವುದು ಹೊಳೆ" ಎಂದಳು. ಮದುವೆಯೊಂದಕ್ಕೆ ಹೋಗಿ ಆ ಊರನ್ನು ನೋಡಿ ಬಂದವಳು ಅವಳು. ನನಗೆ ಉತ್ತರ ಹೊಳೆಯಲಿಲ್ಲ.

ಬಸ್ರೂರು ಮಾತ್ರವಲ್ಲ, ಘಟ್ಟದಿಂದ ಇಳಿದ ಸರಕು ಹೋಗಿ ಸೇರುತ್ತಿದ್ದ ಹಳೆಯ ಬಂದರುಗಳೆಲ್ಲ ಹೊಳೆಯ ಒಳಗೇ ಇವೆ. ಶರಾವತಿಯ ಮೇಲೆ ಗೇರುಸೊಪ್ಪೆ ಮತ್ತು ಹೊನ್ನಾವರ, ವಾರಾಹಿಯ ದಂಡೆಯಲ್ಲಿ ಬಸ್ರೂರು, ಸೀತಾನದಿಯ ಬಳಿ ಬಾರ್ಕೂರು, ನೇತ್ರಾವತಿ ಮತ್ತು ಗುರುಪುರ ಹೊಳೆಗಳು ಕೂಡುವಲ್ಲಿ ಮಂಗಳೂರಿನ ಹಳೆ ಬಂದರು. ಇವುಗಳಿಗೆ ಕಡಲಿನಿಂದ ಒಳಬರುವ ಬಾಗಿಲೆಂದರೆ ಅಳಿವೆ, ಆ ಬಾಗಿಲಿಗೆ ಹೊಸ್ತಿಲಿನಂತೆ ನೀರಿನಡಿ ಮಲಗಿರುವುದು ಮರಳುದಿಬ್ಬ. ತಳ ಆಳವಾಗಿರುವ ಹಡಗು ಅದನ್ನು ದಾಟಲಾರದೆ ಹೊರಗೇ ಲಂಗರು ಹಾಕಬೇಕಾಗುತ್ತಿತ್ತು. ಸಣ್ಣ ದೋಣಿಗಳು ಮಾತ್ರ ಒಳಗೂ ಹೊರಗೂ ಓಡಾಡುತ್ತಿದ್ದವು. ಪೋರ್ಚುಗೀಸರಿಗೆ ಸಮನಾದ ನೌಕಾಪಡೆಯಿಲ್ಲದ ಕೆಳದಿಯಂಥ ಬೆಟ್ಟದ ರಾಜ್ಯ ಹೊನ್ನಾವರದಿಂದ ಬೇಕಲದವರೆಗಿನ ಕರಾವಳಿಯನ್ನು ಹಿಡಿತದಲ್ಲಿಟ್ಟುಕೊಂಡದ್ದಕ್ಕೆ ಘಟ್ಟ ಎಷ್ಟು ಕಾರಣವೋ ಈ ದಿಬ್ಬಗಳೂ ಅಷ್ಟೇ ಕಾರಣ ಎಂಬುದು ನನ್ನ ವಾದ. ಯಾರೂ ಕಟ್ಟದ ಕೋಟೆಗಳೆಂದು ಇವನ್ನು ಕರೆದರೆ ತಪ್ಪಾಗಲಾರದು. ತಿಳಿದವರು ತಿದ್ದಬೇಕು.

ಇಕ್ಕೇರಿ ರಸ್ತೆ, ಸಾಗರ

ವಿಷಯ ಎತ್ತಿದ್ದಕ್ಕೆ ಸಂತೋಷ. ಸಾಗರದವನಾದ ನನಗೆ ಶರಾವತಿಯೆಂದರೆ ಜೋಗ ಮತ್ತು ಲಿಂಗನಮಕ್ಕಿ, ಅಲ್ಲಿಗೆ ಮುಗಿಯಿತು ಎನ್ನುವ ಅಭ್ಯಾಸ. ಆದರೆ ತೀರ್ಥಹಳ್ಳಿ ತಾಲ್ಲೂಕಿನ ಅಂಬುತೀರ್ಥದಲ್ಲಿ ಹುಟ್ಟಿ ಸುಮಾರು 128 ಕಿಲೋಮೀಟರ್ ಹರಿಯುವ ಈ ಹೊಳೆಯ ಕೊನೆಯ ಮೂವತ್ತು ಕಿಲೋಮೀಟರ್, ಅಂದರೆ ಗೇರುಸೊಪ್ಪೆಯಿಂದ ಹೊನ್ನಾವರದವರೆಗಿನ ಭಾಗ, ಒಂದು ಕಾಲದ ಹೆದ್ದಾರಿ. ಇಟಲಿಯ ಪ್ರವಾಸಿ ಪಿಯೆತ್ರೋ ದೆಲ್ಲಾ ವಾಲೆ 1623ರಲ್ಲಿ ಪೋರ್ಚುಗೀಸ್ ರಾಯಭಾರಿಯ ಜೊತೆಗೂಡಿ ಕೆಳದಿಯ ಅರಸ ವೆಂಕಟಪ್ಪ ನಾಯಕನನ್ನು ಕಾಣಲು ಇಕ್ಕೇರಿಗೆ ಬಂದದ್ದು ಇದೇ ದಾರಿಯಲ್ಲಿ: ಗೋವೆಯಿಂದ ಹೊನ್ನಾವರಕ್ಕೆ ಕಡಲಿನಲ್ಲಿ, ಹೊನ್ನಾವರದಿಂದ ಗೇರುಸೊಪ್ಪೆಗೆ ದೋಣಿಯಲ್ಲಿ, ಅಲ್ಲಿಂದ ಘಟ್ಟ ಹತ್ತಿ ಇಕ್ಕೇರಿಗೆ. ಆ ಹೊಳೆಯ ಸೊಬಗನ್ನು ಆತ ಮನಸಾರೆ ಹೊಗಳಿದ್ದಾನೆ.

ಗೇರುಸೊಪ್ಪೆಯ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ಮೆಣಸಿನ ರಾಣಿಯೆಂದು ಕರೆದದ್ದು ನಮಗೆಲ್ಲ ಬಾಯಿಪಾಠ. ಆದರೆ ಮೆಣಸಿನ ರಾಣಿಯ ರಾಜಧಾನಿ ಕಡಲಂಚಿನಲ್ಲಿ ಇರದೆ ಘಟ್ಟದ ಬುಡದಲ್ಲಿ ಏಕೆ ಇತ್ತು ಎಂದು ನಾವು ಕೇಳಿಕೊಂಡಿಲ್ಲ. ಎತ್ತಿನ ಹೇರು ಇಳಿದು ನಿಲ್ಲುವ ಜಾಗ ಮತ್ತು ದೋಣಿ ಹತ್ತಿ ನಿಲ್ಲುವ ಜಾಗ ಎರಡೂ ಒಂದೇ ಆಗಿದ್ದದ್ದು ಗೇರುಸೊಪ್ಪೆಯಲ್ಲಿ. ಹೊರಗಿನ ಹಡಗು ಹೇಗೂ ದಿಬ್ಬದ ಆಚೆ ನಿಲ್ಲಬೇಕು. ದೋಣಿಗೆ ಸರಕು ತುಂಬುವುದೇ ಆದರೆ ಹೊನ್ನಾವರದಲ್ಲಿ ತುಂಬುವುದಕ್ಕಿಂತ ಮೂವತ್ತು ಕಿಲೋಮೀಟರ್ ಒಳಗೆ ತುಂಬುವುದು ಸುರಕ್ಷಿತ. 1606ರ ಹೊತ್ತಿಗೆ ಗೇರುಸೊಪ್ಪೆ ಕೆಳದಿಯ ಕೈಸೇರಿದಾಗ ಕೈಬದಲಾದದ್ದು ಸರಕು ಇಳಿಸಿ ಏರಿಸುವ ಈ ಕಟ್ಟೆ.

ಗಂಗೊಳ್ಳಿ ಮೂಲ, ಹೊಸನಗರ

ನಾನು ಹುಟ್ಟಿದ್ದು ಗಂಗೊಳ್ಳಿಯಲ್ಲಿ, ಇಪ್ಪತ್ತೆರಡು ವರ್ಷದಿಂದ ಹೊಸನಗರದಲ್ಲಿ ಅಂಗಡಿ ಇಟ್ಟುಕೊಂಡಿದ್ದೇನೆ. ಪುಸ್ತಕದ ವಿಷಯ ನೀವು ಬಲ್ಲಿರಿ. ದಿಬ್ಬ ಹೇಗಿರುತ್ತದೆ ಎಂಬುದನ್ನು ನಾನು ಹೇಳಬಲ್ಲೆ.

ನನ್ನ ಅಜ್ಜ ತಾಂಡೇಲರಾಗಿದ್ದವರು, ಅಂದರೆ ದೋಣಿ ನಡೆಸುವ ಮುಖ್ಯಸ್ಥರು. ಹದಿನಾಲ್ಕನೆಯ ವಯಸ್ಸಿನಲ್ಲಿ ಅವರ ಜೊತೆ ಒಮ್ಮೆ ಹೊರಗೆ ಹೋಗಿ, ಮರಳುವಾಗ ಅಳಿವೆಯ ಮುಂದೆ ಒಂದು ಗಂಟೆಗೂ ಹೆಚ್ಚು ಕಾದದ್ದು ನೆನಪಿದೆ. ಮನೆ ಕಣ್ಣಿಗೆ ಕಾಣುತ್ತಿತ್ತು, ಆದರೆ ಒಳಹೋಗಲು ನೀರು ಏರಿರಲಿಲ್ಲ. ದಿಬ್ಬದ ಮೇಲೆ ತೆರೆ ಒಡೆದು ಉದ್ದಕ್ಕೂ ಬಿಳಿಯ ಗೆರೆ ಎಳೆದಂತೆ ಕಾಣುತ್ತದೆ. ಆ ಗೆರೆಯಲ್ಲಿ ಎಲ್ಲೋ ಒಂದು ಕಡೆ ತೆರೆ ಒಡೆಯದೆ ಸುಮ್ಮನೆ ಉಬ್ಬಿ ಇಳಿಯುತ್ತದೆ, ಅಲ್ಲಿ ಆಳವಿದೆ ಎಂದರ್ಥ. ಮರಳಿನ ಮೇಲಿನ ನೀರು ಹಾಲು ಬೆರೆಸಿದ ಚಹಾದಂತೆ ಕದಡಿರುತ್ತದೆ, ಆಳದ ನೀರು ಹಸಿರು. ಅಜ್ಜ ಇಷ್ಟನ್ನೂ ನೋಡಿದ ಮೇಲೂ ಗಳ ಇಳಿಸಿ, ಒದ್ದೆಯಾದ ಭಾಗವನ್ನು ತಮ್ಮ ಎದೆಯ ಎತ್ತರಕ್ಕೆ ಹೋಲಿಸಿ ನೋಡುತ್ತಿದ್ದರು. ದೊಡ್ಡ ತೆರೆಗಳು ಮೂರು ನಾಲ್ಕು ಒಟ್ಟಿಗೆ ಬಂದು ಆಮೇಲೆ ಸ್ವಲ್ಪ ಹೊತ್ತು ಕಡಲು ಉಸಿರು ಹಿಡಿದಂತೆ ಇರುತ್ತದೆ, ಆ ಹೊತ್ತಿಗೆ ಸರಿಯಾಗಿ ನುಗ್ಗಬೇಕು. ಹಿಂದಿನಿಂದ ಬಂದ ತೆರೆ ದೋಣಿಯನ್ನು ಅಡ್ಡ ತಿರುಗಿಸಿದರೆ ಮುಗಿಯಿತು.

ಗುರುತಿಗೆ ಅವರು ಹಿಡಿಯುತ್ತಿದ್ದದ್ದು ನಮ್ಮ ಕೊಡಚಾದ್ರಿಯನ್ನೇ. ಮೋಡವಿಲ್ಲದ ಬೆಳಗ್ಗೆ 1343 ಮೀಟರಿನ ಆ ಬೆಟ್ಟ ಕಡಲಿನಿಂದ ಚೆನ್ನಾಗಿ ಕಾಣುತ್ತದೆ. ಅದರ ತುದಿ ಮತ್ತು ದಡದ ಒಂದು ತೆಂಗಿನ ಮರ ಒಂದೇ ಸಾಲಿಗೆ ಬಂದಾಗ ದೋಣಿ ಒಳಕ್ಕೆ ತಿರುಗಬೇಕು. ಪ್ರತಿ ಮಳೆಗಾಲ ಮುಗಿದ ಮೇಲೂ ಮರ ಬದಲಾಗುತ್ತಿತ್ತು, ಏಕೆಂದರೆ ದಿಬ್ಬದ ನಡುವಿನ ಕಂಡಿ ಒಂದೇ ಕಡೆ ನಿಲ್ಲುವುದಿಲ್ಲ.

ನಗರದ ಕೋಟೆ

ಗಂಗೊಳ್ಳಿಯವರು ಬರೆದದ್ದನ್ನು ಎರಡು ಸಲ ಓದಿದೆ. ಆದರೆ ಮೂಲ ವಾದವನ್ನು ನಾನು ಒಪ್ಪಲಾರೆ. ದಿಬ್ಬ ಕೋಟೆಯಾಗಿದ್ದರೆ ಅದನ್ನು ದಾಟಿದವರ ಪಟ್ಟಿ ಇಷ್ಟು ಉದ್ದ ಇರುತ್ತಿರಲಿಲ್ಲ. ಪೋರ್ಚುಗೀಸರು 1568–69ರಲ್ಲಿ ಮಂಗಳೂರು, ಹೊನ್ನಾವರ, ಬಸ್ರೂರು ಮೂರೂ ಕಡೆ ಅಳಿವೆಯ ಒಳಗೇ ನೆಲೆಯೂರಿದರು ಮತ್ತು ಎಂಬತ್ತಕ್ಕೂ ಹೆಚ್ಚು ವರ್ಷ ಕದಲಲಿಲ್ಲ. 1665ರ ಫೆಬ್ರವರಿಯಲ್ಲಿ ಶಿವಾಜಿ ಸುಮಾರು 85 ಸಣ್ಣ ಯುದ್ಧನೌಕೆಗಳ ಜೊತೆ ಕಡಲಿನ ಮೇಲಿನಿಂದ ಬಂದು ಬಸ್ರೂರನ್ನು ದೋಚಿದ. ಆಗ ಅದು ಕೆಳದಿಯದೇ ಊರು, ಶಿವಪ್ಪ ನಾಯಕ ತೀರಿಕೊಂಡು ಐದು ವರ್ಷವಷ್ಟೇ ಆಗಿತ್ತು. ನಿಮ್ಮ ಮರಳಿನ ಕೋಟೆ ಅಂದು ಏನು ಮಾಡುತ್ತಿತ್ತು?

ಪೋರ್ಚುಗೀಸರನ್ನು ಹೊರಹಾಕಿದ್ದೂ ಮರಳಲ್ಲ. ಶಿವಪ್ಪ ನಾಯಕ 1654ರ ಹೊತ್ತಿಗೆ ಮೂರೂ ಕೋಟೆಗಳನ್ನು ಗೆದ್ದದ್ದು ನೆಲದ ಕಡೆಯಿಂದ ಬಂದ ಸೈನ್ಯದಿಂದ. ಮಲೆನಾಡಿನವರಾದ ನಾವು ಪ್ರತಿಯೊಂದಕ್ಕೂ ನಿಸರ್ಗವನ್ನು ಎಳೆದು ತಂದು, ಮನುಷ್ಯರು ಮಾಡಿದ ಕೆಲಸವನ್ನು ಕಡಿಮೆ ಮಾಡಿ ಹೇಳುವ ಚಟ ಬೆಳೆಸಿಕೊಂಡಿದ್ದೇವೆ ಎಂದು ನನಗೆ ಅನ್ನಿಸುತ್ತದೆ.

ತುಂಗಾತೀರ, ತೀರ್ಥಹಳ್ಳಿ

ನಗರದವರ ಮಾತಿನಲ್ಲಿ ಹುರುಳಿದೆ. ಕೋಟೆ ಎಂಬ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುತ್ತೇನೆ. ಆದರೆ ಅವರು ಕೊಟ್ಟ ಉದಾಹರಣೆಗಳನ್ನೇ ಸ್ವಲ್ಪ ಬಿಡಿಸಿ ನೋಡೋಣ. ಶಿವಾಜಿ ತಂದ 85 ನೌಕೆಗಳು ಸಣ್ಣವು, ಬಂದ ತಿಂಗಳು ಫೆಬ್ರವರಿ. ಕಡಲು ಶಾಂತವಾಗಿರುವ, ಸಣ್ಣ ನೌಕೆ ಉಬ್ಬರ ನೋಡಿಕೊಂಡು ಒಳನುಗ್ಗಬಹುದಾದ ಕಾಲ. ಪೋರ್ಚುಗೀಸರೂ ಈ ಕರಾವಳಿಯಲ್ಲಿ ಬಳಸಿದ್ದು ಹೆಚ್ಚಾಗಿ ಹುಟ್ಟುಹಾಕಿ ನಡೆಸುವ ಹಗುರ ಹಡಗುಗಳನ್ನು. ಗೋವೆಗೆ ಕನ್ನಡ ಕರಾವಳಿಯ ಅಕ್ಕಿ ಹೋಗುತ್ತಿದ್ದದ್ದು ಕಾಫಿಲಾ ಎಂದು ಕರೆಯುತ್ತಿದ್ದ ಸಣ್ಣ ಹಡಗುಗಳ ಸಾಲಿನಲ್ಲಿ, ಕಾವಲಿನ ಜೊತೆ. ದಿಬ್ಬ ಯಾರನ್ನೂ ಪೂರ್ತಿ ತಡೆಯಲಿಲ್ಲ, ನಿಜ. ಯಾವ ಗಾತ್ರದವರು, ಯಾವ ತಿಂಗಳಲ್ಲಿ, ದಿನದ ಯಾವ ಹೊತ್ತಿಗೆ ಒಳಗೆ ಬರಬೇಕು ಎಂಬುದನ್ನು ಮಾತ್ರ ಅದು ಗೊತ್ತುಮಾಡಿತು.

ಜೂನ್ ತಿಂಗಳು ಹಿಡಿದ ಮೇಲೆ ಅಳಿವೆಯಲ್ಲಿ ತೆರೆ ಏಳುತ್ತದೆ, ಗೋವೆಯಿಂದ ಒಳಗಿನ ಕೋಟೆಗೆ ನೆರವು ತಲುಪುವುದು ಕಷ್ಟವಾಗುತ್ತದೆ. ಆ ತಿಂಗಳುಗಳಲ್ಲಿ ಪೋರ್ಚುಗೀಸರ ಕೋಟೆ ಘಟ್ಟದಿಂದ ಇಳಿದು ಬರುವವರ ಮುಂದೆ ಒಂಟಿ. ನೆಲದ ಸೈನ್ಯವೇ ಗೆದ್ದಿತು ಎಂಬುದನ್ನು ಅಲ್ಲಗಳೆಯುವುದಿಲ್ಲ; ವರ್ಷಕ್ಕೆ ಮೂರು ನಾಲ್ಕು ತಿಂಗಳು ಕಡಲಿನ ಕಡೆಯ ಬಾಗಿಲು ತಾನಾಗಿ ಮುಚ್ಚುತ್ತಿತ್ತು ಎಂಬುದನ್ನು ಅದರ ಜೊತೆಗಿಟ್ಟು ನೋಡಬೇಕು ಎನ್ನುತ್ತೇನೆ.

ಅದಕ್ಕಿಂತ ಮುಖ್ಯವಾದದ್ದು ಸುಂಕ. ಸರಕನ್ನು ಎತ್ತಿನಿಂದ ದೋಣಿಗೆ, ದೋಣಿಯಿಂದ ಹಡಗಿಗೆ ಎರಡು ಸಲ ಇಳಿಸಿ ಏರಿಸಬೇಕಾದ ಕಡೆ ಎಣಿಸುವವನಿಗೆ ಕೆಲಸ ಸುಲಭ. ಘಟ್ಟದ ಬಾಯಿ ಮತ್ತು ಹೊಳೆಯ ಕಟ್ಟೆ ಎರಡನ್ನು ಹಿಡಿದವನಿಗೆ ಕಡಲಿನಲ್ಲಿ ಯುದ್ಧ ಮಾಡುವ ಅಗತ್ಯ ಅಷ್ಟಾಗಿ ಬೀಳುವುದಿಲ್ಲ.

ಹಳೆ ಇಂಜಿನಿಯರ್, ಶಿವಮೊಗ್ಗ

ನೀರಾವರಿ ಕೆಲಸದಲ್ಲಿ ಮೂವತ್ತು ವರ್ಷ ಕಳೆದವನು ನಾನು. ದಿಬ್ಬ ಹುಟ್ಟುವ ಬಗೆಯನ್ನು ಕುರಿತು ಒಂದು ಸಾಮಾನ್ಯ ತಪ್ಪು ತಿಳಿವಳಿಕೆಯನ್ನು ಸರಿಪಡಿಸಲು ಬಯಸುತ್ತೇನೆ. ಹೊಳೆ ತಂದ ಮರಳು ಬಾಯಿಯಲ್ಲಿ ರಾಶಿ ಬೀಳುತ್ತದೆ, ಅಷ್ಟೇ ದಿಬ್ಬ, ಎಂದು ಹಲವರು ಭಾವಿಸುತ್ತಾರೆ. ಮಳೆಗಾಲದಲ್ಲಿ ಆಗುವುದು ಇದಕ್ಕೆ ಹೆಚ್ಚುಕಡಿಮೆ ವಿರುದ್ಧ. ವರ್ಷಕ್ಕೆ ಸರಾಸರಿ ಏಳು ಸಾವಿರ ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ ಆಗುಂಬೆಯಂಥ ಕಡೆಯಿಂದ, ಕಡಿದಾದ ಇಳಿಜಾರಿನಲ್ಲಿ, ಒಂದೆರಡು ದಿನದೊಳಗೆ ಕಡಲು ಸೇರುವ ನೀರಿಗೆ ಅಳಿವೆಯ ಕಂಡಿಯನ್ನು ಕೊರೆದು ಅಗಲ ಮಾಡುವಷ್ಟು ರಭಸವಿರುತ್ತದೆ. ಅದು ಹೊತ್ತು ತಂದ ಮರಳನ್ನು ಸ್ವಲ್ಪ ಹೊರಗೆ, ನೀರಿನ ವೇಗ ಕುಂದುವಲ್ಲಿ ಬಿಡುತ್ತದೆ. ಮಳೆ ನಿಂತ ಮೇಲೆ ಆ ಮರಳನ್ನು ಮತ್ತೆ ದಡದ ಕಡೆಗೆ ತಳ್ಳುವುದು ಕಡಲಿನ ತೆರೆ. ತೆರೆ ದಡಕ್ಕೆ ಓರೆಯಾಗಿ ಬಡಿಯುವುದರಿಂದ ದಡದ ಉದ್ದಕ್ಕೂ ಮರಳು ಸಾಗುತ್ತಲೂ ಇರುತ್ತದೆ. ಅದು ಹೊಳೆಬಾಯಿಗೆ ಅಡ್ಡವಾಗಿ ನಾಲಿಗೆಯಂತೆ ಬೆಳೆಯುತ್ತದೆ. ಮಂಗಳೂರಿನ ಬೇಂಗ್ರೆ ಅಂಥದೇ ಒಂದು ನಾಲಿಗೆ. ಒಂದು ಬದಿಗೆ ಹೊಳೆ, ಇನ್ನೊಂದು ಬದಿಗೆ ಕಡಲು, ನಡುವೆ ಕಿರಿದಾದ ಮರಳಿನ ಪಟ್ಟಿ, ಅದರ ಮೇಲೆ ಊರು.

ನಮ್ಮ ಕರಾವಳಿಯಲ್ಲಿ ಉಬ್ಬರ ಇಳಿತದ ನಡುವಿನ ಅಂತರ ಒಂದೂವರೆ ಮೀಟರಿನ ಆಸುಪಾಸು ಮಾತ್ರ; ಖಂಭಾತಿನ ಕೊಲ್ಲಿಯಲ್ಲಿ ಆಗುವಂತೆ ಹತ್ತು ಮೀಟರ್ ನೀರು ಏರಿ ಇಳಿದು ಬಾಯಿಯನ್ನು ತೊಳೆಯುವುದಿಲ್ಲ. ಆದ್ದರಿಂದಲೇ ಬೇಸಿಗೆಯಲ್ಲಿ ದಿಬ್ಬ ಗೆಲ್ಲುತ್ತದೆ. ತಾಂಡೇಲರಿಗೆ ಪ್ರತಿವರ್ಷ ಬೇರೆ ತೆಂಗಿನ ಮರ ಬೇಕಾದದ್ದಕ್ಕೆ ಇದು ಕಾರಣ.

ಇನ್ನು ನಾವು ಕಟ್ಟಿದ ಅಣೆಕಟ್ಟುಗಳ ಮಾತು. 1964ರಲ್ಲಿ ಲಿಂಗನಮಕ್ಕಿ ಮುಗಿದ ಮೇಲೆ ಶರಾವತಿಯ ಮೇಲ್ಭಾಗದ ಹೂಳು ಬಹುಪಾಲು ಅಲ್ಲಿಯೇ ತಂಗುತ್ತದೆ. ಮಳೆಗಾಲದ ಪ್ರವಾಹ ಕಡಿಮೆಯಾಗಿ, ಬೇಸಿಗೆಯಲ್ಲೂ ವಿದ್ಯುದಾಗಾರದಿಂದ ಸಿಹಿನೀರು ಹರಿಯುತ್ತಿರುತ್ತದೆ. ಹೊನ್ನಾವರದ ಹಿನ್ನೀರಿನಲ್ಲಿ ಉಪ್ಪು ಕಡಿಮೆಯಾಗಿ ಚಿಪ್ಪುಗಳ ಬೆಳೆ ಕುಗ್ಗಿದ್ದು, ಪಕ್ಕದ, ಅಣೆಕಟ್ಟಿಲ್ಲದ ಅಘನಾಶಿನಿಯಲ್ಲಿ ಅದು ಹೇರಳವಾಗಿ ಉಳಿದದ್ದು ಎಲ್ಲರಿಗೂ ಗೊತ್ತು. ಬೇಡಿಕೆಗೆ ತಕ್ಕಂತೆ ಮರಳು ಎತ್ತುವುದೂ ಇದರ ಜೊತೆ ಸೇರಿದೆ. ದಿಬ್ಬದ ಇತಿಹಾಸ ಬರೆಯುವವರು 1964ರ ಮೊದಲಿನ ಹೊಳೆಯನ್ನೂ ಈಗಿನದನ್ನೂ ಒಂದೇ ಎಂದು ಎಣಿಸಬಾರದು.

ರಜೆಯ ನಾವಿಕ, ಕೊಪ್ಪ

ವಾಣಿಜ್ಯ ಹಡಗಿನಲ್ಲಿ ಕೆಲಸ ಮಾಡುತ್ತೇನೆ, ಅಡಿಕೆ ಕೊಯ್ಲಿಗೆ ಊರಿಗೆ ಬಂದಿದ್ದೇನೆ. ದಿಬ್ಬ ಶತ್ರುವೋ ಕಾವಲೋ ಎಂಬ ನಿಮ್ಮ ವಾದ ಓದಿದಾಗ ನನಗೆ ನೆನಪಾದದ್ದು ಇಂಗ್ಲೆಂಡಿನ ಕೆಂಟ್ ತೀರದಾಚೆಯ ಗುಡ್‌ವಿನ್ ಸ್ಯಾಂಡ್ಸ್. ಸುಮಾರು 16 ಕಿಲೋಮೀಟರ್ ಉದ್ದದ ಆ ಮರಳು ಹೊಳೆಬಾಯಿಯದಲ್ಲ, ತೆರೆದ ಕಡಲಿನದು. ಇಳಿತದ ಹೊತ್ತಿಗೆ ಮೇಲೆದ್ದು, ಜನ ಅದರ ಮೇಲೆ ಕ್ರಿಕೆಟ್ ಆಡಿದ್ದೂ ಉಂಟು. ಉಬ್ಬರ ಬಂದರೆ ಮಾಯ. ಅದರ ಮತ್ತು ದಡದ ನಡುವಿನ ಡೌನ್ಸ್ ಎಂಬ ನೀರು ಗಾಳಿಯಿಂದ ಮರೆಯಾಗಿರುವುದರಿಂದ ಹಾಯಿಹಡಗುಗಳು ಅಲ್ಲಿ ನೂರಾರು ಸಂಖ್ಯೆಯಲ್ಲಿ ತಂಗುತ್ತಿದ್ದವು. 1703ರ ನವೆಂಬರಿನ ಮಹಾ ಬಿರುಗಾಳಿಯಲ್ಲಿ ಅದೇ ಮರೆಯಲ್ಲಿ ನಿಂತಿದ್ದ ಹಡಗುಗಳು ಲಂಗರು ಕಿತ್ತು ಅದೇ ಮರಳಿನ ಮೇಲೆ ಒಡೆದವು, ನಾಲ್ಕು ಯುದ್ಧನೌಕೆಗಳು ಸೇರಿ. ಆಸರೆ ಕೊಟ್ಟದ್ದೂ ನುಂಗಿದ್ದೂ ಒಂದೇ ದಿಬ್ಬ.

ನಮ್ಮ ಕನ್ನಡ ಕರಾವಳಿಯಲ್ಲಿ ಅಂಥ ತೆರೆಗಡಲಿನ ಮರಳು ಇಲ್ಲ. ಮಹಾರಾಷ್ಟ್ರದ ತೀರದಾಚೆ ಕಾನ್ಹೋಜಿ ಆಂಗ್ರೆಯ ಹೆಸರಿನಲ್ಲಿ ಆಂಗ್ರಿಯಾ ಬ್ಯಾಂಕ್ ಎಂಬುದೊಂದಿದೆ, ಆದರೆ ಅದು ಹವಳದ್ದು, ಆಳದಲ್ಲಿ ಮುಳುಗಿರುವಂಥದು. ಕೇರಳದ ಆಲಪ್ಪುಳದಲ್ಲಿ ಮಳೆಗಾಲಕ್ಕೆ ಏಳುವ ಕೆಸರಿನ ದಿಬ್ಬ ಇನ್ನೊಂದು ಬಗೆ. ಕದಡಿದ ಕೆಸರು ತೆರೆಯ ಬಲವನ್ನೇ ಹೀರಿಕೊಳ್ಳುವುದರಿಂದ ಜೂನ್ ತಿಂಗಳ ಕಡಲಿನಲ್ಲೂ ಅಲ್ಲಿ ನೀರು ಶಾಂತ. ನಮ್ಮ ಅಳಿವೆಗಳಿಗೆ ಆ ಭಾಗ್ಯವಿಲ್ಲ. ನಮ್ಮದು ಬಾಗಿಲಿಗೆ ಅಡ್ಡ ಬಿದ್ದ ದಿಬ್ಬ; ಹೊರಗೆ ಲಂಗರು ಹಾಕಿದ ಹಡಗಿಗೆ ಅದರಿಂದ ಯಾವ ಮರೆಯೂ ಸಿಗುವುದಿಲ್ಲ, ಒಳಗೆ ಸೇರಿದ ದೋಣಿಗೆ ಮಾತ್ರ ಪೂರ್ಣ ಮರೆ.

ಆಗುಂಬೆ ಮಳೆ

ನಮ್ಮ ಊರಿನ ಆಸುಪಾಸಿನಲ್ಲಿ ಹುಟ್ಟುವ ಸೀತಾನದಿಯ ಮಾತನ್ನು ಯಾರೂ ಮುಂದುವರಿಸಲಿಲ್ಲ, ಆದ್ದರಿಂದ ನಾಲ್ಕು ಸಾಲು. 14ನೆಯ ಶತಮಾನದ ಪ್ರವಾಸಿ ಇಬ್ನ್ ಬತೂತ ಈ ತೀರದ ಪಟ್ಟಣಗಳನ್ನು ಹೆಸರಿಸುವಾಗ ಹೊನ್ನಾವರ ಮತ್ತು ಮಂಗಳೂರಿನ ನಡುವೆ ಫಾಕನೂರ್ ಎನ್ನುತ್ತಾನೆ, ಅದು ಬಾರ್ಕೂರು. ಆಳುಪರ ರಾಜಧಾನಿ, ವಿಜಯನಗರದ ಕಾಲದಲ್ಲಿ ಬಾರಕೂರು ರಾಜ್ಯದ ಕೇಂದ್ರ. ಇಂದು ಅಲ್ಲಿ ನಿಂತರೆ ಬಸದಿ, ಗುಡಿ, ಗದ್ದೆ ಕಾಣುತ್ತವೆಯೇ ಹೊರತು ಬಂದರು ಎನ್ನಿಸುವಂಥದು ಏನೂ ಕಣ್ಣಿಗೆ ಬೀಳುವುದಿಲ್ಲ. ಕಡಲ ವ್ಯಾಪಾರ ಹೊಳೆಯ ಜೊತೆ ಕೆಳಗೆ ಸರಿದು ಹಂಗಾರಕಟ್ಟೆಗೆ ಬಂತು. ಸೀತೆ ಮತ್ತು ಸ್ವರ್ಣಾ ಕಡಲು ಸೇರುವ ತುದಿಯ ಊರು ಕೋಡಿ ಬೇಂಗ್ರೆ. ಕುಂದಾಪುರದ ಅಳಿವೆಯ ಬಳಿಯೂ ಕೋಡಿ ಎಂಬ ಊರೊಂದಿದೆ; ಕೋಡಿ ಎಂದರೆ ತುದಿ. ಕೋಡಿಗಳನ್ನೂ ಬೇಂಗ್ರೆಗಳನ್ನೂ ನಕ್ಷೆಯ ಮೇಲೆ ಗುರುತಿಸುತ್ತ ಹೋದರೆ ಅಳಿವೆಗಳ ಪಟ್ಟಿಯೇ ಸಿಗುತ್ತದೆ ಎಂಬುದು ನನ್ನ ಅನುಭವ.

ಇಕ್ಕೇರಿ ರಸ್ತೆ, ಸಾಗರ

ಆಗುಂಬೆಯವರು ಹಂಗಾರಕಟ್ಟೆ ಎಂದದ್ದು ಒಳ್ಳೆಯದಾಯಿತು. ನಮ್ಮ ಮನೆಗಳ ಮೇಲಿನ ಹಂಚು ನೋಡಿ. 1865ರಲ್ಲಿ ಬಾಸೆಲ್ ಮಿಷನ್ ಮಂಗಳೂರಿನಲ್ಲಿ ಹಂಚಿನ ಕಾರ್ಖಾನೆ ಹಾಕಿದ ಮೇಲೆ ಹೊಳೆದಂಡೆಯ ಊರುಗಳಲ್ಲೆಲ್ಲ ಅಂಥವು ಎದ್ದವು. ಜೇಡಿ ದೋಣಿಯಲ್ಲಿ ಬರುತ್ತಿತ್ತು, ಹಂಚು ದೋಣಿಯಲ್ಲೇ ಹೊರಹೋಗಿ ದಿಬ್ಬದಾಚೆ ಹಡಗು ಹತ್ತುತ್ತಿತ್ತು, ಉಳಿದದ್ದು ಘಟ್ಟ ಹತ್ತಿ ನಮ್ಮ ಸೋಗೆಯ ಮಾಡನ್ನು ಬದಲಿಸಿತು. ಬೊಂಬಾಯಿಯ ಉಗಿಹಡಗು ಬಂದ ಕಾಲದಲ್ಲೂ ದಿಬ್ಬದ ಕಟ್ಟುಪಾಡು ಸಡಿಲವಾಗಲಿಲ್ಲ. ಹಡಗು ದೂರದಲ್ಲಿ ನಿಲ್ಲುತ್ತಿತ್ತು, ಪ್ರಯಾಣಿಕರು ಗಂಟುಮೂಟೆ ಸಹಿತ ದೋಣಿಗೆ ಇಳಿದು ಅಳಿವೆ ದಾಟುತ್ತಿದ್ದರು.

1907ರಲ್ಲಿ ಮಂಗಳೂರಿಗೆ ರೈಲು ಬಂದ ಮೇಲೆ ಸಣ್ಣ ಅಳಿವೆಗಳ ಬಂದರುಗಳು ಸೊರಗುತ್ತ ಹೋದವು. ಕೊನೆಗೆ ದಿಬ್ಬದ ಕಾಟ ತಪ್ಪಿಸಿಕೊಂಡದ್ದು ಹೊಳೆಯನ್ನೇ ಬಿಟ್ಟು: ಪಣಂಬೂರಿನಲ್ಲಿ ನೆಲ ಅಗೆದು ಕೊಳ ಮಾಡಿ ಕಟ್ಟಿದ ನವ ಮಂಗಳೂರು ಬಂದರು 1974ರ ಮೇ 4ರಂದು ದೇಶದ ಒಂಬತ್ತನೆಯ ಪ್ರಮುಖ ಬಂದರೆಂದು ಘೋಷಣೆಯಾಯಿತು. ಮಲೆನಾಡಿನ ಕುದುರೆಮುಖದ ಅದಿರು ನೀರಿನಲ್ಲಿ ಕಲಸಿ, ಸುಮಾರು 67 ಕಿಲೋಮೀಟರ್ ಉದ್ದದ ಕೊಳವೆಯಲ್ಲಿ ಅಲ್ಲಿಗೆ ಇಳಿಯಿತು. ಎತ್ತೂ ಬೇಡವಾಯಿತು, ದೋಣಿಯೂ ಬೇಡವಾಯಿತು. ಆದರೆ ಅಲ್ಲಿಯೂ ಹಡಗಿನ ದಾರಿಯಲ್ಲಿ ಮಳೆಗಾಲ ಕಳೆದ ಮೇಲೆ ಹೂಳೆತ್ತಲೇಬೇಕು ಎಂದು ಕೇಳಿದ್ದೇನೆ, ನಾವಿಕರು ಹೌದೋ ಅಲ್ಲವೋ ಹೇಳಬೇಕು.

ರಜೆಯ ನಾವಿಕ, ಕೊಪ್ಪ

ಹೌದು. ಪ್ರತಿವರ್ಷ.

ನಗರದ ಕೋಟೆ

ತುಂಗಾತೀರದವರು ಕೋಟೆಯಿಂದ ಸುಂಕದ ಕಟ್ಟೆಗೆ ಇಳಿದು ಬಂದದ್ದರಿಂದ ನನ್ನ ತಕರಾರು ಅರ್ಧ ಕಡಿಮೆಯಾಯಿತು. ಉಳಿದರ್ಧ ಇದು: 1763ರಲ್ಲಿ ಹೈದರಾಲಿ ಬಿದನೂರನ್ನು, ಅಂದರೆ ಈಗಿನ ನಗರವನ್ನು, ಗೆದ್ದಾಗ ನಮ್ಮ ಈ ಊರಿನ ಜೊತೆಗೇ ಮಂಗಳೂರೂ ಅವನದಾಯಿತು, ಮತ್ತು ಅವನು ಅಲ್ಲಿ ನೌಕಾಪಡೆಯನ್ನೇ ಕಟ್ಟಲು ಹೊರಟ. ಅದೇ ಅಳಿವೆ, ಅದೇ ದಿಬ್ಬ. ಒಬ್ಬ ಅರಸನಿಗೆ ಸುಂಕ ಸಾಕಾಯಿತು, ಇನ್ನೊಬ್ಬನಿಗೆ ಹಡಗು ಬೇಕಾಯಿತು. ಮರಳು ದಾರಿ ತೋರಿಸಿರಬಹುದು, ತೀರ್ಮಾನ ಮಾಡಿದ್ದು ಅರಸರು. ಇಷ್ಟನ್ನು ಒಪ್ಪಿದರೆ ನನಗೆ ಬೇರೆ ಜಗಳವಿಲ್ಲ.

ತುಂಗಾತೀರ, ತೀರ್ಥಹಳ್ಳಿ

ಒಪ್ಪಿದೆ. ಹುಡುಗಿಗೆ ಕೊಡಬೇಕಾದ ಉತ್ತರ ಮಾತ್ರ ಬಾಕಿ ಇದೆ. ಅವಳನ್ನು ಕರೆದುಕೊಂಡು ಹುಲಿಕಲ್ ಘಾಟಿ ಇಳಿದು ಗಂಗೊಳ್ಳಿಗೆ ಹೋಗಬೇಕೆಂದಿದ್ದೇನೆ. ಗಂಗೊಳ್ಳಿಯವರೇ, ಯಾವ ದಿನ, ಯಾವ ಹೊತ್ತಿಗೆ ಹೋದರೆ ದಿಬ್ಬ ಚೆನ್ನಾಗಿ ಕಾಣುತ್ತದೆ?

ಗಂಗೊಳ್ಳಿ ಮೂಲ, ಹೊಸನಗರ

ಹುಣ್ಣಿಮೆ ಅಥವಾ ಅಮಾವಾಸ್ಯೆ ಕಳೆದ ಒಂದೆರಡು ದಿನದೊಳಗೆ ಹೋಗಿ, ಆಗ ಇಳಿತ ಹೆಚ್ಚು. ನೀರು ಪೂರ್ತಿ ಇಳಿಯುವುದಕ್ಕೆ ಒಂದು ಗಂಟೆ ಮೊದಲೇ ದಡ ಸೇರಿರಿ, ಏಕೆಂದರೆ ಬಿಳಿಯ ಗೆರೆ ಮೂಡುತ್ತ ಬರುವುದನ್ನು ನೋಡಬೇಕು. ಈಗ ಇಂಜಿನ್ ದೋಣಿಗಳಾಗಿವೆ, ಗಳ ಇಳಿಸುವವರು ಅಪರೂಪ. ಆದರೂ ಒಳಬರುವ ದೋಣಿಗಳು ಅಳಿವೆಯ ಮುಂದೆ ವೇಗ ತಗ್ಗಿಸಿ ಸ್ವಲ್ಪ ಹೊತ್ತು ನಿಲ್ಲುವುದನ್ನು ಹುಡುಗಿಗೆ ತೋರಿಸಿ. ದಡದಲ್ಲಿ ನಿಂತು ಬೆನ್ನು ತಿರುಗಿಸಿದರೆ, ಮಂಜಿಲ್ಲದಿದ್ದರೆ, ಕೊಡಚಾದ್ರಿ ಕಾಣಬೇಕು. ಅಜ್ಜನ ಕಾಲದ ತೆಂಗಿನ ಮರವನ್ನು ಹುಡುಕಬೇಡಿ, ಅದಿದ್ದ ಜಾಗವೇ ಈಗ ನೀರಿನಲ್ಲಿದೆ.